ಶ್ರೀ ಸುಮ್ಮನೇಶ್ವರ ಸ್ವಾಮಿಯವರಿಗೆ ಅಭಿನಂದನೆ

ಸಭಾಧ್ಯಕ್ಷರೇ, ಉದ್ಘಾಟಕರೇ, ಬಂದೇ ಬರುತ್ತೇನೆಂದು ಮಾತು ಕೊಟ್ಟು ಇನ್ನೂ ದಾರಿಯಲ್ಲಿರುವ ಮುಖ್ಯ ಅತಿಥಿಗಳೇ, ಮಹಾಜನಗಳೇ, ಮತ್ತು ಇಂದಿನ ಸನ್ಮಾನಿತರೂ ಅಖಿಲಾಂಡ ಕೋಟಿ ಬ್ರಹ್ಮಾಂಡ ನಿಶ್ಚಲ ನಾಯಕರೂ ಆದ ಶ್ರೀ ಸುಮ್ಮನೇಶ್ವರ ಸ್ವಾಮಿಯವರೇ,

ಸ್ವಾಮಿಯವರನ್ನು ಈ ಸನ್ಮಾನಕ್ಕೆ ಒಪ್ಪಿಸುವುದು ಕಷ್ಟವಾಗಲಿಲ್ಲ. ಸಮಿತಿಯವರೆಲ್ಲ ಹೋಗಿ ಕೇಳಿದೆವು. ಅವರು ಏನೂ ಹೇಳಲಿಲ್ಲ. ಮೌನಂ ಸಮ್ಮತಿ ಲಕ್ಷಣಂ ಎಂದು ಅಲ್ಲೇ ಠರಾವು ಮಾಡಿ, ಅಂದೇ ಫ್ಲೆಕ್ಸ್ ಹಾಕಿಸಿದೆವು. ಫ್ಲೆಕ್ಸಿನಲ್ಲಿ ಸ್ವಾಮಿಯವರ ಚಿತ್ರ ಚಿಕ್ಕದಾಯಿತು ಎಂದು ಕೆಲವರು ಗೊಣಗಿದ್ದಾರೆ. ಸಮಿತಿಯಲ್ಲಿ ಅಷ್ಟೊಂದು ಜನರಿದ್ದೇವೆ, ಎಲ್ಲರ ಮುಖವೂ ಬರಬೇಕಲ್ಲ!

ಇನ್ನು ಬಯೋಡೇಟಾ. ಸೃಷ್ಟಿಗೂ ಮುಂಚೆ ಇದ್ದವರು ಇವರೊಬ್ಬರೇ. ಆಗ ಏನೂ ಇರಲಿಲ್ಲ, ಇವರೂ ಏನೂ ಮಾಡುತ್ತಿರಲಿಲ್ಲ. ಆಮೇಲೆ ಓಂಕಾರ ಹುಟ್ಟಿತು. ಅಂದಿನಿಂದ ಇವರು ನಿವೃತ್ತರು; ಪಿಂಚಣಿ ಇನ್ನೂ ಮಂಜೂರಾಗಿಲ್ಲ. ಎಲ್ಲಿಗೂ ಹೋಗುವವರಲ್ಲವಾದ್ದರಿಂದ ವಾಹನವಿಲ್ಲ. ಯಾರ ಮೇಲೂ ಸಿಟ್ಟಿಲ್ಲವಾದ್ದರಿಂದ ಆಯುಧವಿಲ್ಲ. ಇವರಿಂದ ವರ ಪಡೆದ ರಾಕ್ಷಸ ಒಬ್ಬನೂ ಇಲ್ಲ. ಹಾಗಾಗಿ ಇವರ ದೆಸೆಯಿಂದ ವಿಷ್ಣು ಒಂದೇ ಒಂದು ಅವತಾರವನ್ನೂ ಎತ್ತಬೇಕಾಗಿ ಬರಲಿಲ್ಲ. ಇಂಥ ಕ್ಲೀನ್ ರೆಕಾರ್ಡ್ ದೇವಲೋಕದಲ್ಲಿ ಇನ್ನಾರಿಗಿದೆ? ವರ್ಷಕ್ಕೊಮ್ಮೆ ತೇರು ಉಂಟು. ತೇರು ಕದಲಬಾರದು ಎಂಬುದೇ ಅದರ ಕಟ್ಟಳೆ. ಜನ ಹಗ್ಗ ಹಿಡಿದು ನಿಲ್ಲುತ್ತಾರೆ, ಬಾಳೆಹಣ್ಣು ದವನ ಎಸೆಯುತ್ತಾರೆ, ಮನೆಗೆ ಹೋಗುತ್ತಾರೆ.

ನಮ್ಮೂರ ವಿಜ್ಞಾನದ ಮೇಷ್ಟ್ರು ಮಾತ್ರ ಸ್ವಾಮಿಯವರ ಅಸ್ತಿತ್ವಕ್ಕೇ ತಕರಾರು ತೆಗೆದಿದ್ದಾರೆ. ಬ್ರಹ್ಮಾಂಡದಲ್ಲಿ ನಿಶ್ಚಲವಾದದ್ದು ಒಂದನ್ನಾದರೂ ತೋರಿಸಿ ಎನ್ನುತ್ತಾರೆ. ಭೂಮಿ ಸೂರ್ಯನ ಸುತ್ತ ಸೆಕೆಂಡಿಗೆ ಸುಮಾರು 30 ಕಿ.ಮೀ. ಓಡುತ್ತಿದೆಯಂತೆ. ಹತ್ತು ನಿಮಿಷದ ಹಿಂದೆ ಪ್ರಾರ್ಥನೆ ಹಾಡಿದ ಜಾಗದಿಂದ ಈ ಪೆಂಡಾಲು ಆಗಲೇ 18,000 ಕಿ.ಮೀ. ಮುಂದೆ ಬಂದಿದೆ; ಮುಖ್ಯ ಅತಿಥಿಗಳಿಗೆ ವಿಳಾಸ ಸಿಗದಿರುವುದಕ್ಕೆ ಇದೂ ಒಂದು ಕಾರಣವಿರಬಹುದು. ಹೋಗಲಿ, ಕೊರೆಯುವ ಚಳಿಯಲ್ಲಾದರೂ ಅಣುಗಳು ತೆಪ್ಪಗಿರುತ್ತವೆಯೇ? ಮೈನಸ್ 273.15 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಚಳಿಯೇ ಇಲ್ಲ. ಅದರ ಹತ್ತಿರಕ್ಕೆ ಒಯ್ದರೂ ಸಾಮಾನ್ಯ ಒತ್ತಡದಲ್ಲಿ ಹೀಲಿಯಂ ಗಟ್ಟಿಯಾಗುವುದಿಲ್ಲ. ಅದರ ಪರಮಾಣುಗಳ ಚಡಪಡಿಕೆ ನಿಲ್ಲುವುದೇ ಇಲ್ಲ. ನಿಶ್ಶಬ್ದವಾದರೂ ಎಲ್ಲಾದರೂ ಉಂಟೇ? 1964ರಲ್ಲಿ ಅಮೆರಿಕದ ನ್ಯೂಜೆರ್ಸಿಯಲ್ಲಿ ಆರ್ನೋ ಪೆನ್ಜಿಯಾಸ್ ಮತ್ತು ರಾಬರ್ಟ್ ವಿಲ್ಸನ್ ಎಂಬಿಬ್ಬರು ದೊಡ್ಡದೊಂದು ಆಂಟೆನಾವನ್ನು ಆಕಾಶಕ್ಕೆ ತಿರುಗಿಸಿ ಕೂತರೆ, ಯಾವ ದಿಕ್ಕಿಗೆ ತಿರುಗಿಸಿದರೂ ಒಂದೇ ಸಮನೆ ಗುಸುಗುಸು. ಒಳಗೆ ಗೂಡು ಕಟ್ಟಿದ್ದ ಪಾರಿವಾಳಗಳ ಹಿಕ್ಕೆಯದೇ ಕಾರುಬಾರು ಇರಬೇಕೆಂದು ತೊಳೆದೂ ನೋಡಿದರು. ಗುಸುಗುಸು ಹೋಗಲಿಲ್ಲ. ಅದು ವಿಶ್ವದ ಹುಟ್ಟಿನ ಕಾವು ಇನ್ನೂ ಆರದೆ ಉಳಿದದ್ದು ಎಂದು ತಿಳಿದು 1978ರಲ್ಲಿ ಇಬ್ಬರಿಗೂ ನೊಬೆಲ್ ಬಂತು. ಅಂದಮೇಲೆ ಸ್ವಾಮೀ, ನಿಮ್ಮ ಕೈಯಲ್ಲಿ ಇಲಾಖೆಯೇ ಇಲ್ಲ. ನೀವು ಖಾತೆ ಇಲ್ಲದ ಮಂತ್ರಿ. ನಿಮ್ಮನ್ನು ಸಂಪುಟದಿಂದ ಕೈಬಿಡಲೂ ಆಗದು, ಏಕೆಂದರೆ ನೀವು ಏಳುವುದೇ ಇಲ್ಲ.

ಹಾಗಂತ ಇವರಿಗೆ ಬಂಧುಬಳಗ ಇಲ್ಲವೆಂದುಕೊಳ್ಳಬೇಡಿ. ಆಲದ ಮರದಡಿ ದಕ್ಷಿಣಕ್ಕೆ ಮುಖಮಾಡಿ ಕೂತ ದಕ್ಷಿಣಾಮೂರ್ತಿ ಇದ್ದಾನೆ: ಗುರು ಯುವಕ, ಶಿಷ್ಯರು ಮುದುಕರು, ಪಾಠವೆಲ್ಲ ಮೌನದಲ್ಲಿ. ಶ್ರವಣಬೆಳಗೊಳದಲ್ಲಿ ಬಾಹುಬಲಿ ಇದ್ದಾನೆ. ಅಣ್ಣ ಭರತನನ್ನು ಗೆದ್ದ ಗಳಿಗೆಯಲ್ಲೇ ರಾಜ್ಯ ಬೇಡವೆಂದು ತಪಸ್ಸಿಗೆ ನಿಂತವನು, ಕಾಲ ಬಳಿ ಹುತ್ತ ಬೆಳೆದರೂ ತೊಡೆ ತೋಳುಗಳಿಗೆ ಬಳ್ಳಿ ಹಬ್ಬಿದರೂ ಕದಲಲಿಲ್ಲ. ಚಾವುಂಡರಾಯ 981ರ ಸುಮಾರಿಗೆ ಆ ನಿಲುವನ್ನೇ 58 ಅಡಿ ಎತ್ತರಕ್ಕೆ ಕಡೆಸಿದ. ಆದರೆ ಸುಮ್ಮನೆ ನಿಂತವನನ್ನು ಸುಮ್ಮನೆ ಬಿಡುವ ಜಾತಿಯೇ ನಾವು? ಹನ್ನೆರಡು ವರ್ಷಕ್ಕೊಮ್ಮೆ ಅಟ್ಟಣೆ ಕಟ್ಟಿ ಹಾಲು, ಅರಿಶಿನ, ಚಂದನ ಸುರಿಯುತ್ತೇವೆ, 2018ರಲ್ಲೂ ಸುರಿದೆವು. ಅವನು ಆಗಲೂ ಕದಲಲಿಲ್ಲ. ಆ ಮುಖದ ಮುಂದೆ ಅಣಕವಾಡಲು ನನಗೂ ಬಾಯಿ ಬರುವುದಿಲ್ಲ, ಮುಂದಕ್ಕೆ ಹೋಗೋಣ.

ಗಾಂಧೀಜಿಯವರದು ಸೋಮವಾರದ ಮೌನ. 1947ರ ಜೂನ್ 2 ಸೋಮವಾರವಾಗಿತ್ತು. ದೇಶ ಒಡೆಯುವ ಯೋಜನೆ ಹಿಡಿದು ಮೌಂಟ್‌ಬ್ಯಾಟನ್ ಎದುರಿಗೆ ಕೂತಿದ್ದಾಗಲೂ ಅವರು ಬಾಯಿ ತೆರೆಯದೆ, ಹಳೆಯ ಲಕೋಟೆಗಳ ಹಿಂಬದಿಯಲ್ಲಿ ಬರೆದು ತೋರಿಸಿದರು. ಅವರ ಹೆಸರಿನಲ್ಲೇ ಈಗ ಜನವರಿ 30ರ ಬೆಳಿಗ್ಗೆ 11ಕ್ಕೆ ಎರಡು ನಿಮಿಷ ಎಲ್ಲರೂ ಎದ್ದು ನಿಲ್ಲುತ್ತೇವೆ. ಸುಮ್ಮನೇಶ್ವರರಿಗೆ ನಮ್ಮಲ್ಲಿ ಅಧಿಕೃತವಾಗಿ ಸಲ್ಲುವ ಪೂಜೆ ಈ ಮೌನಾಚರಣೆಯೊಂದೇ. ಅದಾದರೂ ನಮ್ಮ ಸಭೆಗಳಲ್ಲಿ ಹೇಗೆ ನಡೆಯುತ್ತದೆ? ನಿರೂಪಕರು ಒಂದು ನಿಮಿಷ ಎಂದು ಘೋಷಿಸುತ್ತಾರೆ. ಕುರ್ಚಿಗಳು ಕಿರ್ರೆನ್ನುತ್ತವೆ. ಯಾರೋ ಕೆಮ್ಮುತ್ತಾರೆ, ಅದನ್ನು ಕೇಳಿ ಕೆಮ್ಮು ಇಲ್ಲದವರಿಗೂ ಕೆಮ್ಮು ನೆನಪಾಗುತ್ತದೆ. ಮುಂದಿನ ಸಾಲಿನಲ್ಲಿ ಒಂದು ಫೋನು ಐಟಂ ಸಾಂಗ್ ಶುರು ಮಾಡುತ್ತದೆ, ಅದರ ಒಡೆಯರು ಅದು ತಮ್ಮದಲ್ಲವೆಂಬಂತೆ ನಿಂತಿರುತ್ತಾರೆ. ವೇದಿಕೆಯ ಮೇಲಿನವರು ಒಂದು ಕಣ್ಣು ತೆರೆದು ವಾಚು ನೋಡುತ್ತಾರೆ. ಅರ್ಧ ನಿಮಿಷಕ್ಕೇ ‘ಓಂ ಶಾಂತಿ, ಎಲ್ಲರೂ ಕುಳಿತುಕೊಳ್ಳಬೇಕು’ ಎಂಬ ಘೋಷಣೆ. ಒಂದು ನಿಮಿಷದ ನೈವೇದ್ಯದಲ್ಲಿ ಅರ್ಧವನ್ನು ನಾವೇ ತಿಂದಿರುತ್ತೇವೆ. ಅಷ್ಟಾದರೂ ಸಿಗಬೇಕಾದರೆ ಯಾರಾದರೂ ಸತ್ತಿರಬೇಕು. ನಮ್ಮಲ್ಲಿ ಸತ್ತವರಿಗೆ ಮೌನ, ಬದುಕಿದ್ದವರಿಗೆ ಭಾಷಣ. ಇದರಲ್ಲಿ ಹೆಚ್ಚಿನ ಗೌರವ ಯಾರಿಗೆ ಸಿಕ್ಕಿತು ಎಂಬುದನ್ನು ಈ ಪೆಂಡಾಲಿನಲ್ಲಿ ಕೂತವರೇ ಹೇಳಬಲ್ಲರು.

ಕಾನೂನೇನೋ ಸ್ವಾಮಿಯವರ ಕಡೆಗೇ ಇದೆ. 2000ದ ಶಬ್ದಮಾಲಿನ್ಯ ನಿಯಮಗಳ ಪ್ರಕಾರ ಆಸ್ಪತ್ರೆ, ಶಾಲೆ, ನ್ಯಾಯಾಲಯಗಳ ಸುತ್ತ 100 ಮೀಟರನ್ನು ನಿಶ್ಶಬ್ದ ವಲಯವೆಂದು ಘೋಷಿಸಬಹುದು. ಅಲ್ಲಿ ಹಗಲು 50, ರಾತ್ರಿ 40 ಡೆಸಿಬೆಲ್ ಮೀರಕೂಡದು. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಬಯಲಿನಲ್ಲಿ ಧ್ವನಿವರ್ಧಕ ಕೂಡದು. ಆದರೆ ಧಾರ್ಮಿಕ, ಸಾಂಸ್ಕೃತಿಕ ಉತ್ಸವಗಳಿಗೆ ವರ್ಷದಲ್ಲಿ 15 ದಿನದ ಮಟ್ಟಿಗೆ ಮಧ್ಯರಾತ್ರಿಯವರೆಗೂ ಸರ್ಕಾರ ವಿನಾಯಿತಿ ಕೊಡಬಹುದು. ಆ ವಿನಾಯಿತಿ ನಮಗೂ ಬೇಕೆಂದು ಸ್ವಾಮಿಯವರ ಹೆಸರಿನಲ್ಲೇ ಅರ್ಜಿ ಗುಜರಾಯಿಸಿದ್ದೇವೆ. ಅವರು ಸಹಿ ಮಾಡಲಿಲ್ಲ, ಹೆಬ್ಬೆಟ್ಟು ಒತ್ತಿಸಿಕೊಂಡೆವು.

ಈಗ ತಾನೇ ಮೈಸೂರು ಪೇಟ ತೊಡಿಸಿ, ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟೆವು. ಫೋಟೋಗ್ರಾಫರು ‘ಸ್ವಲ್ಪ ಇತ್ತ ನೋಡಿ ಸ್ವಾಮಿ’ ಎಂದು ಎಷ್ಟು ಕೂಗಿದರೂ ಅವರು ನೋಡಲಿಲ್ಲ. ಕೊನೆಗೆ ಫೋಟೋಗ್ರಾಫರೇ ಆ ಕಡೆ ಹೋಗಬೇಕಾಯಿತು. ಸಾರ್ವಜನಿಕ ಜೀವನದಲ್ಲಿ ಹೀಗೆ ಕ್ಯಾಮೆರಾ ಕಡೆ ಕತ್ತು ತಿರುಗಿಸದ ಇನ್ನೊಬ್ಬರನ್ನು ನಾನು ಕಂಡಿಲ್ಲ. ಕಾರ್ಯಕ್ರಮ ಪಟ್ಟಿಯಲ್ಲಿ ‘ಸನ್ಮಾನಿತರ ಮಾತು, 20 ನಿಮಿಷ’ ಎಂದಿದೆ. ಅವರು ಅದನ್ನು ಬಳಸುವ ಲಕ್ಷಣ ಕಾಣುತ್ತಿಲ್ಲವಾದ್ದರಿಂದ ಆ ಸಮಯವನ್ನು ನನಗೇ ಕೊಡಬೇಕೆಂದು ಕೇಳಿದೆ; ಅಧ್ಯಕ್ಷರು ಅದನ್ನು ಆಗಲೇ ತಮ್ಮ ಹೆಸರಿಗೆ ಬರೆದುಕೊಂಡಿದ್ದಾರೆ.

ಮುಂದಿನ ವರ್ಷ ‘ಸುಮ್ಮನೇಶ್ವರರ ಮೌನ: ಒಂದು ಚರ್ಚೆ’ ಎಂಬ ಮೂರು ದಿನಗಳ ವಿಚಾರ ಸಂಕಿರಣವಿದೆ. ಮಾತಾಡುವವರ ಪಟ್ಟಿ ಭರ್ತಿಯಾಗಿದೆ. ಕೇಳುವವರು ದಯವಿಟ್ಟು ಕಾರ್ಯದರ್ಶಿಯವರಲ್ಲಿ ಹೆಸರು ನೋಂದಾಯಿಸಬೇಕು. ಸರ್ಕಾರಿ ನೌಕರರಿಗೆ ಓಓಡಿ ಸೌಲಭ್ಯ ಕೊಡಿಸುವ ಪ್ರಯತ್ನ ನಡೆದಿದೆ.