ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು

ಬಾಳ್ಳುಪೇಟೆಯಲ್ಲಿ ಹೆದ್ದಾರಿ ಬದಿಯ ಹೋಟೆಲಿನ ಬೆಂಚಿನ ಮೇಲೆ ಒಬ್ಬ ನಿವೃತ್ತ ಪತ್ತೇದಾರರು ಕೂತಿದ್ದಾರೆ ಅಂತಿಟ್ಟುಕೊಳ್ಳಿ. ಬೆಂಗಳೂರಿನಲ್ಲಿ ದುಡ್ಡಿನ ಕಳ್ಳರ ಹಿಂದೆ ಓಡಿ ಮಂಡಿ ಸವೆಸಿಕೊಂಡು ಬಂದವರು. ಕಾಫಿ ಮಾರಿದ ದುಡ್ಡನ್ನು ಟವೆಲಿನಲ್ಲಿ ಸುತ್ತಿಕೊಂಡ ಗೌಡರು ಪಕ್ಕಕ್ಕೆ ಸರಿದು, "ಸಾರ್, ಅದ್ಯಾವುದೋ ಕಂಪನಿ ತಿಂಗಳಿಗೆ ನೂರಕ್ಕೆ ಮೂರು ಕೊಡ್ತದಂತೆ, ಹಾಕಲಾ?" ಅಂತಾರೆ.

"ಹಾಕಿ ಗೌಡ್ರೆ. ನೀವು ಹಾಕದಿದ್ರೆ ನಮ್ಮ ಇಲಾಖೆ ನಡೆಯೋದು ಹೇಗೆ?"

ಇದು ಕೊಂಕಲ್ಲ, ಸೇವಾನುಭವ. ನಮ್ಮಲ್ಲಿ ವಂಚಕ ಊರಲ್ಲಿರುವ ತನಕ ಉದ್ಯಮಿ. ಆರೋಪಿಯಾಗಬೇಕಾದರೆ ಮೊದಲು ವಿಮಾನ ಹತ್ತಬೇಕು.

ಹೀಗೇ ಲಾಭದ ಆಸೆ ತೋರಿಸಿ ಜನರಿಂದ ದುಡ್ಡು ಕಟ್ಟಿಸಿಕೊಳ್ಳುತ್ತಿದ್ದ ಬೆಂಗಳೂರಿನ ಐಎಂಎ ಕಂಪನಿಯ ಮೇಲೆ ಕಣ್ಣಿಡಿ ಎಂದು ರಿಸರ್ವ್ ಬ್ಯಾಂಕು ರಾಜ್ಯಕ್ಕೆ ಮೊದಲೇ ಬರೆದಿತ್ತು. ಇಟ್ಟರು. ಎಲ್ಲ ಚೊಕ್ಕವಾಗಿದೆ ಎಂದು ವರದಿಯನ್ನೂ ಕೊಟ್ಟರು. 2019ರ ಜೂನ್‌ನಲ್ಲಿ ಮಾಲೀಕ ಮನ್ಸೂರ್ ಖಾನ್ ದುಬೈ ಸೇರಿದ, ಹಿಂದೆಯೇ ಒಂದು ಆಡಿಯೋ ಹರಿದಾಡಿತು. ತನಿಖೆ ಆಗ ಮೈಮುರಿದು ಎದ್ದಿತು. ದೂರು ಕೊಡಲು ಬಂದವರಿಗೆ ಠಾಣೆ ಸಾಲದೆ ಶಿವಾಜಿನಗರದಲ್ಲಿ ಮದುವೆ ಹಾಲನ್ನೇ ಹಿಡಿಯಬೇಕಾಯಿತು. ದೂರುದಾರರು 40 ಸಾವಿರ ದಾಟಿದರು. ಮಂತ್ರಿ ಮಗನ ಮದುವೆಗೂ ಅಷ್ಟು ಜನ ಸೇರುವುದು ಕಷ್ಟ. ಚೊಕ್ಕ ವರದಿಗೆ ಲಂಚ ಪಡೆದ ಆರೋಪದ ಮೇಲೆ ಒಬ್ಬ ಉಪವಿಭಾಗಾಧಿಕಾರಿ, ಅವರ ಹಿಂದೆಯೇ ಒಬ್ಬ ಜಿಲ್ಲಾಧಿಕಾರಿ ಬಂಧನಕ್ಕೊಳಗಾದರು. ವಿಚಾರಿಸಬೇಕಾದವರನ್ನು ವಿಚಾರಿಸಲು ಬೇರೆಯವರು ಬೇಕಾದರು. ಸರ್ಕಾರದಲ್ಲಿ ಕೆಲಸ ಹುಟ್ಟುವುದು ಹೀಗೆ.

ಪತ್ತೇದಾರಿಕೆಗೆ ಫಲ ಸಿಗಲಿಲ್ಲ ಅನ್ನುವಂತಿಲ್ಲ. ರಿಚ್ಮಂಡ್ ಟೌನಿನ ಕಟ್ಟಡವೊಂದರ ಮಹಡಿ ಮೇಲಿನ ಈಜುಕೊಳದ ಅಡಿ ತಡಕಿದಾಗ ಬಿಸ್ಕತ್ತುಗಳು ಸಿಕ್ಕವು, 303 ಕೆ.ಜಿ. ಹಳದಿ ಹೊಳೆಯುತ್ತಿದ್ದವು. ಅಷ್ಟೂ ನಕಲಿ.

ಇನ್ನು ಖಾನಾಪುರದ ಅಬ್ದುಲ್ ಕರೀಂ ತೆಲಗಿ. ರೈಲು ನಿಲ್ದಾಣದಲ್ಲಿ ಕಡಲೆಕಾಯಿ ಮಾರುತ್ತಿದ್ದವನು ನಾಸಿಕ್‌ನ ಸರ್ಕಾರಿ ಮುದ್ರಣಾಲಯದ ಹಳೇ ಯಂತ್ರ ಕೊಂಡು ನಕಲಿ ಛಾಪಾ ಕಾಗದ ಅಚ್ಚು ಹಾಕಿದ. ಬ್ಯಾಂಕುಗಳೇ ಗಿರಾಕಿಗಳು! ನಮ್ಮ ಪತ್ತೇದಾರರಿಗೆ ಈ ಪ್ರಕರಣದಲ್ಲಿ ನಿದ್ದೆ ಕೆಡಿಸುವುದು ಒಂದೇ ಸಂಗತಿ. ಮುಂಬೈ ಪೊಲೀಸ್ ಆಯುಕ್ತರು 2003ರ ನವೆಂಬರ್ 30ಕ್ಕೆ ನಿವೃತ್ತರಾದರು, ಮರುದಿನ ಇದೇ ಪ್ರಕರಣದಲ್ಲಿ ಬಂಧಿತರಾದರು. ಮುಂದೆ ಕೋರ್ಟು ಅವರನ್ನು ಆರೋಪಮುಕ್ತ ಮಾಡಿತು, ಅದು ಬೇರೆ ಮಾತು. ಪಿಂಚಣಿಯ ಕಾಗದ ಬರುವ ತನಕ ನಮ್ಮ ಪತ್ತೇದಾರರು ಮಾತ್ರ ಬೆಂಗಳೂರು ಬಿಟ್ಟು ಕದಲಲಿಲ್ಲವಂತೆ.

"ತೆಲಗಿಗೆ ಶಿಕ್ಷೆ ಆಯ್ತಲ್ಲ ಸಾರ್?"

ಆಯಿತು ಗೌಡರೇ, 30 ವರ್ಷ ಜೈಲು, ಮೇಲೆ 202 ಕೋಟಿ ದಂಡ. ಇನ್ನೊಂದು ಪ್ರಕರಣ ನಾಸಿಕ್‌ನ ಕೋರ್ಟಿನಲ್ಲಿ ನಡೆಯುತ್ತಲೇ ಇತ್ತು. 2018ರ ಡಿಸೆಂಬರ್ 31ರಂದು ಅದರಲ್ಲಿ ಸಾಕ್ಷ್ಯ ಸಾಲದೆ ತೆಲಗಿ ಖುಲಾಸೆಯಾದ. ಅಷ್ಟು ಹೊತ್ತಿಗೆ ಅವನು ಸತ್ತು 14 ತಿಂಗಳಾಗಿತ್ತು.