ಬೇತಾಳಕ್ಕೊಂದು ತಂಬಿಟ್ಟು

ಹ್ಯಾಲೋವೀನ್‌ಗೆ ಸಿಹಿ ಮಾಡಬೇಕಾದರೆ ಮನೆಯಲ್ಲಿ ಓವನ್ ಇರಲೇಬೇಕು ಅಂತ ಯಾರು ಹೇಳಿದ್ದು? ನಮ್ಮ ಬೇಲಿಯಾಚೆ ಮನೆಯಾಕೆಗೆ ಮೊನ್ನೆಯಿಂದ ಅದೇ ಚಿಂತೆ. ಬೆಂಗಳೂರಿನ ಮಗಳು, ಮೈಸೂರಿನ ಮಗ, ಇಬ್ಬರ ಮಕ್ಕಳು, ಎಲ್ಲ ಸೇರಿ ರಾಜ್ಯೋತ್ಸವದ ರಜಕ್ಕೆ ನಮ್ಮೂರು ಮೊಸಳೆಗೆ ಬರುತ್ತಿದ್ದಾರೆ. ಅದರ ಹಿಂದಿನ ರಾತ್ರಿಯೇ ಅಕ್ಟೋಬರ್ 31. ಬೆಂಗಳೂರಿನ ಅಪಾರ್ಟ್‌ಮೆಂಟುಗಳಲ್ಲಿ ಮಕ್ಕಳು ದೆವ್ವದ ವೇಷ ಹಾಕಿಕೊಂಡು ಬಾಗಿಲು ಬಾಗಿಲಿಗೆ ಹೋಗಿ ಚಾಕೊಲೇಟ್ ಈಸಿಕೊಳ್ಳುವ ದಿನ. ಊರಿಗೆ ಬಂದರೂ ಪಾರ್ಟಿ ಬಿಡೋದಿಲ್ಲ ಅಂತ ಮೊಮ್ಮಕ್ಕಳ ಹಟ.

"ಅಕ್ಕಾ, ಕೇಕ್ ಮಾಡಾಣ ಅಂದ್ರೆ ಓವನ್ ಇಲ್ಲ. ಹಾಸನದಿಂದ ತರ್ಸಾಣ ಅಂದ್ರೆ ತಾವೇ ಕೈಯಾರೆ ಮಾಡ್ಬೇಕಂತೆ. ಒಲೆ ಹತ್ರ ಮಕ್ಕಳನ್ನ ಬಿಡಕ್ಕೆ ನಂಗೆ ಭಯ. ಏನ್ ಮಾಡ್ಲಿ ಹೇಳಿ" ಅಂದಳು, ಬೇಲಿ ಮೇಲೆ ಒಣಗಿದ್ದ ಸೀರೆ ಎಳೆದುಕೊಳ್ಳುತ್ತಾ.

"ಅಲ್ಲ ಕಣೇ, ನಾಗರ ಪಂಚಮಿಗೆ ತಂಬಿಟ್ಟು ಮಾಡ್ತೀಯಲ್ಲ, ಅದನ್ನ ಯಾವ ಒಲೆ ಮೇಲೆ ಇಡ್ತೀಯೆ?" ಅಂದೆ.

ಆಕೆ ಸುಮ್ಮನೆ ನಿಂತಳು. ಆಮೇಲೆ ಶುರುವಾಯಿತು ನೋಡಿ ಮಾತು. ಸೀರೆ ಮಡಚಿದ್ದೂ ಆಯಿತು, ಅವರ ಮನೆ ಹಸು ಎರಡು ಸಲ ಕೂಗಿದ್ದೂ ಆಯಿತು, ಮಾತು ಮುಗಿಯಲಿಲ್ಲ.

ನಮ್ಮ ಕಡೆ ಶ್ರಾವಣದ ಪಂಚಮಿಯ ದಿನ ಎಷ್ಟೋ ಮನೆಗಳಲ್ಲಿ ಹೆಂಚು ಇಡುವುದಿಲ್ಲ, ಎಣ್ಣೆ ಕಾಯಿಸುವುದಿಲ್ಲ. ಹುತ್ತಕ್ಕೆ ಹಾಲು ತನಿ ಎರೆದು, ಹಸಿ ತಂಬಿಟ್ಟು, ಚಿಗಳಿ, ಅರಳು, ನೆನೆಸಿದ ಕಡಲೆ ಇಟ್ಟು ಬರುತ್ತಾರೆ. ಮೊಸಳೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಹೊಯ್ಸಳರ ಕಾಲದ ನಾಗೇಶ್ವರ, ಚೆನ್ನಕೇಶವ ಗುಡಿಗಳು ಅಕ್ಕಪಕ್ಕದಲ್ಲಿ ಒಂದೇ ಅಳತೆಗೆ ನಿಂತಿರುವ ಊರು ಇದು. ನಾಗನ ಹೆಸರಿನ ದೇವರು ಊರಲ್ಲೇ ಇದ್ದಾನೆ. ಬೆಂಕಿ ಮುಟ್ಟಿಸದೆ ಸಿಹಿ ಮಾಡುವುದು ಇಲ್ಲಿನ ಹೆಂಗಸರಿಗೆ ಅಮೆರಿಕದವರು ಹೇಳಿಕೊಡಬೇಕಾದ ವಿದ್ಯೆಯಲ್ಲ.

ಹಸಿ ತಂಬಿಟ್ಟಿನಲ್ಲಿ ಎಲ್ಲ ಇರುವುದು ಅಕ್ಕಿಯ ಹದದಲ್ಲಿ. ಎರಡು ಲೋಟ ಅಕ್ಕಿ ತೊಳೆದು ಎರಡು ಗಂಟೆ ನೆನೆಸಿ, ನೀರು ಬಸಿದು, ಬಿಳಿ ಬಟ್ಟೆ ಮೇಲೆ ನೆರಳಲ್ಲಿ ಹರಡಬೇಕು. ಬಿಸಿಲಿಗೆ ಇಡಬಾರದು, ಇಟ್ಟರೆ ಗರಿಗರಿಯಾಗಿ ಒಣಗಿ ಹಿಟ್ಟು ಒಂದಕ್ಕೊಂದು ಹಿಡಿಯುವುದಿಲ್ಲ. ಕಾಳನ್ನು ಮುಷ್ಟಿಯಲ್ಲಿ ಹಿಡಿದರೆ ತಣ್ಣಗಿರಬೇಕು, ಕೈ ಬಿಟ್ಟಾಗ ಅಂಗೈಗೆ ಅಂಟಬಾರದು. ಆಗ ಕುಟ್ಟಿ ಜರಡಿ ಹಿಡಿಯಬೇಕು. ಮಿಕ್ಸಿಯಾದರೆ ನಿಲ್ಲಿಸಿ ನಿಲ್ಲಿಸಿ ತಿರುಗಿಸಬೇಕು, ಹಿಟ್ಟು ಬಿಸಿಯಾಗಬಾರದು. ಒಂದು ಲೋಟ ಕುಟ್ಟಿದ ಬೆಲ್ಲ, ಅರ್ಧ ಲೋಟ ಕೊಬ್ಬರಿ ತುರಿ, ನಾಲ್ಕು ಏಲಕ್ಕಿ, ಒಂದು ಚಮಚ ತುಪ್ಪ ಹಾಕಿ ಮತ್ತೆ ಕುಟ್ಟಿ. ಮೊದಲು ಎಲ್ಲ ಉದುರುದುರಾಗಿಯೇ ಇರುತ್ತದೆ. ಕುಟ್ಟುತ್ತಾ ಹೋದರೆ ಬೆಲ್ಲ ಬೆವರುತ್ತದೆ, ಹಿಟ್ಟಿನ ಬಣ್ಣ ತಿರುಗುತ್ತದೆ, ಒರಳಿನ ಗೋಡೆ ಬಿಟ್ಟು ಒಂದು ಮುದ್ದೆಯಾಗಿ ಎದ್ದು ಬರುತ್ತದೆ. ಒಂದು ತೊಟ್ಟು ನೀರೂ ಬೇಡ. ಆ ಘಳಿಗೆಯನ್ನು ಮಕ್ಕಳು ಕಣ್ಣಾರೆ ನೋಡಬೇಕು. ಅದಕ್ಕೇ ನಾನು ಆಕೆಗೆ ಹೇಳಿದ್ದು: ಮೊದಲೇ ಮಾಡಿಟ್ಟು ಉಂಡೆ ಕಟ್ಟಲು ಕರೆಯಬೇಡ, ಕುಟ್ಟುವುದಕ್ಕೇ ಕರಿ.

"ಸರಿ ಅಕ್ಕಾ, ದೆವ್ವ ಎಲ್ಲಿ ಬಂತು ಇದ್ರಲ್ಲಿ?"

ದೆವ್ವ ಹುಡುಕಿಕೊಂಡು ನಾವು ದೂರ ಹೋಗಬೇಕಾಗಿಲ್ಲ. ಹಾಸನದಿಂದ ಬೇಲೂರು ದಾರಿಯಲ್ಲಿ ದೊಡ್ಡಗದ್ದವಳ್ಳಿ ಇದೆಯಲ್ಲ, ಅಲ್ಲಿನ ಲಕ್ಷ್ಮೀದೇವಿ ಗುಡಿಗೆ ಮಕ್ಕಳನ್ನು ಹಗಲೇ ಕರೆದುಕೊಂಡು ಹೋಗಿ. ವಿಷ್ಣುವರ್ಧನನ ಕಾಲದಲ್ಲಿ, 1113ರ ಸುಮಾರಿಗೆ, ಒಬ್ಬ ವ್ಯಾಪಾರಿ ದಂಪತಿ ಕಟ್ಟಿಸಿದ ಗುಡಿ ಅದು. ಅದರೊಳಗಿನ ಕಾಳಿಯ ಗರ್ಭಗುಡಿಯ ಮುಂದೆ ಎರಡು ಬೇತಾಳಗಳು ಕಾವಲಿಗೆ ನಿಂತಿವೆ, ಆಳೆತ್ತರ, ಎಲುಬಿನ ಗೂಡು. ಒಂದೊಂದು ಪಕ್ಕೆಲುಬನ್ನೂ ಬಿಡಿಸಿ ಕೆತ್ತಿದ್ದಾನೆ ಶಿಲ್ಪಿ. ಒಳಗೆ ಮಬ್ಬುಗತ್ತಲು. ಕಣ್ಣು ಕತ್ತಲಿಗೆ ಒಗ್ಗಿದ ಮೇಲೆ ಅವು ಕಾಣಿಸುತ್ತವೆ, ಮಕ್ಕಳು ಸೆರಗು ಹಿಡಿದುಕೊಳ್ಳುತ್ತಾರೆ. ಅಂಗಡಿಯಲ್ಲಿ ಸಿಗುವ ಪ್ಲಾಸ್ಟಿಕ್ ಅಸ್ಥಿಪಂಜರ ಅವುಗಳ ಮುಂದೆ ಏನೂ ಅಲ್ಲ. ಅದನ್ನು ನೋಡಿ ಬಂದ ಮಕ್ಕಳಿಗೆ ಸಂಜೆ ಹಿಟ್ಟು ಕೊಟ್ಟರೆ ಏನು ಮಾಡಬೇಕು ಅಂತ ನಾವು ಹೇಳಿಕೊಡಬೇಕಾಗಿಲ್ಲ.

ಬಿಳಿ ದೆವ್ವಕ್ಕೆ ಕೊಬ್ಬರಿಯೇ ಸರಿ. ಅರಸೀಕೆರೆ, ಚನ್ನರಾಯಪಟ್ಟಣದ ಕಡೆಯವರಿಗೆ ಕೊಬ್ಬರಿಗೇನು ಬರ? ಮೇಲಿನ ಕಂದು ಸಿಪ್ಪೆ ಪೂರ್ತಿ ಹೆರೆದು, ಬಿಳಿ ಭಾಗವನ್ನು ಮಾತ್ರ ಸಣ್ಣಗೆ ತುರಿದುಕೊಳ್ಳಿ. ಒಂದು ಲೋಟ ತುರಿಗೆ ಅರ್ಧ ಲೋಟ ಹಾಲಿನ ಪುಡಿ, ಅರ್ಧ ಲೋಟ ಸಕ್ಕರೆ ಪುಡಿ. ಕಾಯಿಸಿ ಆರಿಸಿದ ಹಾಲನ್ನು ಚಮಚ ಚಮಚವಾಗಿ ಚಿಮುಕಿಸಿ ಕಲಸಬೇಕು, ಒಮ್ಮೆಲೇ ಸುರಿದರೆ ಕೆಟ್ಟಿತು. ತಲೆ ದುಂಡಗೆ, ಬುಡ ಅಗಲವಾಗಿ ತಿದ್ದಿ ಎರಡು ಕರಿ ಎಳ್ಳನ್ನು ಕಣ್ಣಿಗೆ ಒತ್ತಿದರೆ ಆಯಿತು. ಒಂದು ಕಣ್ಣು ಮೇಲೆ, ಒಂದು ಕೆಳಗೆ ಬಂದರೆ ಇನ್ನೂ ಚೆನ್ನ.

ಕುಂಬಳಕಾಯಿಗೆ ಬೆಲ್ಲದ ತಂಬಿಟ್ಟು. ಉಂಡೆ ಕಟ್ಟಿ, ಚಮಚದ ಹಿಡಿಯಿಂದ ಮೇಲಿಂದ ಕೆಳಕ್ಕೆ ಗೆರೆ ಒತ್ತಿ, ತೊಟ್ಟಿನ ಜಾಗಕ್ಕೆ ಒಂದು ಹಸಿರು ದ್ರಾಕ್ಷಿ ಚುಚ್ಚಿ. ಲವಂಗ ನೋಡಲು ಚೆಂದ, ಆದರೆ ಚಿಕ್ಕ ಮಕ್ಕಳು ಕಚ್ಚಿಬಿಡುತ್ತವೆ, ಬೇಡ. ಕುಂಬಳಕಾಯಿಗೆ ಮುಖ ಬರೆಯುವುದೂ ನಮಗೆ ಹೊಸದಲ್ಲವಲ್ಲ. ಕಟ್ಟುತ್ತಿರುವ ಮನೆ ಮುಂದೆ ಬೂದುಗುಂಬಳಕ್ಕೆ ಕಣ್ಣು, ಮೀಸೆ, ಕೋರೆಹಲ್ಲು ಬರೆದು ನೇತುಹಾಕುವವರು ನಾವು. ಬಾಗಿಲ ಮೇಲೆ "ನಾಳೆ ಬಾ" ಅಂತ ಬರೆದು ದೆವ್ವವನ್ನು ಸಾಗಹಾಕಿದವರೂ ನಾವೇ. ಇನ್ನು ಒಳಗೆ ದೀಪ ಇಡುವುದು ಅಂತೀರಾ? ಊರಮ್ಮನ ಹಬ್ಬದಲ್ಲಿ ತಂಬಿಟ್ಟಿನ ಆರತಿ ಹೊತ್ತು ಹೋಗುತ್ತಾರಲ್ಲ, ತಂಬಿಟ್ಟಿನ ನಡುವೆ ಕುಳಿ ಮಾಡಿ, ತುಪ್ಪದ ಬತ್ತಿ ಹಚ್ಚಿ, ಸುತ್ತ ಹೂ ಸಿಕ್ಕಿಸಿ. ಕರೆಂಟು ಆರಿಸಿ ಅಂಥದೊಂದು ಆರತಿಯನ್ನು ಮೇಜಿನ ನಡುವೆ ದೊಡ್ಡವರ ಕೈಯಲ್ಲಿ ಹಚ್ಚಿಸಿ ಇಡಿಸಿ. ಮಕ್ಕಳ ಮುಖ ನೋಡುವಂತಿರುತ್ತದೆ.

ಎಲ್ಲಕ್ಕಿಂತ ನನ್ನ ಮನಸ್ಸಿಗೆ ಒಪ್ಪಿದ್ದು ಮಸಣದ ಲೋಟ. ಅಮೆರಿಕದ ಮನೆಗಳಲ್ಲಿ ಕಪ್ಪು ಬಿಸ್ಕತ್ತು ಪುಡಿ ಮಾಡಿ, ಅದನ್ನು ಮಣ್ಣು ಅಂತ ಪುಡ್ಡಿಂಗಿನ ಮೇಲೆ ಹರಡಿ, ಜೆಲ್ಲಿಯ ಹುಳು ನೆಟ್ಟು ಕೊಡುತ್ತಾರೆ. ನಮ್ಮಲ್ಲಿ ರಾಗಿ ಹುರಿಹಿಟ್ಟು ಇರುವಾಗ ಬಿಸ್ಕತ್ತು ಯಾಕೆ? ಹುರಿಹಿಟ್ಟಿಗೆ ಬೆಲ್ಲದ ಪುಡಿ, ಒಂದಿಷ್ಟು ತುಪ್ಪ ಹಾಕಿ ಬೆರಳ ತುದಿಯಲ್ಲಿ ಉಜ್ಜಿದರೆ ಆಗತಾನೇ ಉತ್ತ ಹೊಲದ ಕೆಮ್ಮಣ್ಣಿನಂತೆ ಸಣ್ಣ ಸಣ್ಣ ಹೆಂಟೆಯಾಗುತ್ತದೆ. ಹಿಂದಿನ ರಾತ್ರಿಯೇ ಅರ್ಧ ಲೀಟರ್ ಗಟ್ಟಿ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ತೂಗುಹಾಕಿ ನೀರು ಬಸಿದಿರಬೇಕು. ಅದಕ್ಕೆ ಸಕ್ಕರೆ, ಏಲಕ್ಕಿ ಬೆರೆಸಿ ಗಾಜಿನ ಲೋಟದ ಅರ್ಧಕ್ಕೆ ತುಂಬಿ, ಮೇಲೆ ಈ ಮಣ್ಣು ಹರಡಿ. ಗೋರಿಕಲ್ಲಿಗೆ ಒಂದು ಗ್ಲೂಕೋಸ್ ಬಿಸ್ಕತ್ತು ನೆಡಿ, ಪಕ್ಕಕ್ಕೆ ಕೊಬ್ಬರಿಯ ದೆವ್ವ ಕೂರಿಸಿ. ಮಣ್ಣು ಹರಡುವುದು ಮಾತ್ರ ಬಡಿಸುವ ಹೊತ್ತಿಗೇ ಆಗಬೇಕು, ಮೊದಲೇ ಹರಡಿದರೆ ಮೊಸರಿನ ಪಸೆ ಹೀರಿ ಕೆಸರಾಗುತ್ತದೆ.

ಹುಳುವಿಗೆ ಚಿಗಳಿ. ಒಂದು ಲೋಟ ಕರಿ ಎಳ್ಳಿಗೆ ಮುಕ್ಕಾಲು ಲೋಟ ಬೆಲ್ಲ. ಎಳ್ಳನ್ನು ಕೆಲವರು ಬೆಚ್ಚಗೆ ಮಾಡಿಕೊಳ್ಳುತ್ತಾರೆ, ಹಸಿಯದಾದರೂ ನಡೆಯುತ್ತದೆ. ಕುಟ್ಟುತ್ತಿದ್ದರೆ ಎಳ್ಳು ತಾನೇ ಎಣ್ಣೆ ಬಿಡುತ್ತದೆ, ಅಂಗೈ ಮಿರಮಿರ ಅನ್ನುತ್ತದೆ. ಅಷ್ಟು ಸಾಕು, ಹೆಚ್ಚು ಕುಟ್ಟಿದರೆ ಎಣ್ಣೆ ಬೇರೆ ಹಿಟ್ಟು ಬೇರೆ ಆಗುತ್ತದೆ. ಮಣೆ ಮೇಲೆ ಹೊಸೆದು ಉದ್ದಕ್ಕೆ ಎಳೆದರೆ ಕಪ್ಪು ಹುಳು ಸಿದ್ಧ, ಅರ್ಧ ಮಣ್ಣಿನೊಳಗೆ, ಅರ್ಧ ಹೊರಗೆ.

ಅಂಗಡಿಯ ಬಣ್ಣ, ಅಂಟು ಜೆಲ್ಲಿ, ಕಪ್ಪು ಕ್ರೀಮು ಹಾಕಬೇಡಿ ಅಂತ ನಾನು ಒತ್ತಿ ಹೇಳುತ್ತೇನೆ. ಬಿಳಿಗೆ ಕೊಬ್ಬರಿ, ಕಪ್ಪಿಗೆ ಎಳ್ಳು, ಮಣ್ಣಿಗೆ ರಾಗಿ, ಕುಂಬಳಕ್ಕೆ ಬೆಲ್ಲ. ನಾಲ್ಕೂ ಬಣ್ಣ ಅಡುಗೆಮನೆಯ ಡಬ್ಬಿಯಲ್ಲೇ ಇವೆ, ಮಕ್ಕಳ ಹೊಟ್ಟೆಗೂ ಒಳ್ಳೆಯದು.

"ಮನೇಲಿ ಹಿರಿಯರು ಏನಂತಾರೋ ಅಕ್ಕಾ, ಸತ್ತೋರ್ ಹಬ್ಬಾನ ಮನೆಗೆ ತಂದ್ಲು ಅಂತ" ಅಂದಳು ಆಮೇಲೆ, ದನಿ ತಗ್ಗಿಸಿ.

ಆ ಅಳುಕು ನನಗೆ ಅರ್ಥವಾಗುತ್ತದೆ. ಆದರೆ ಆ ಹಬ್ಬದ ಬೇರು ನೋಡಿದರೆ ಅಳುಕಬೇಕಾದ್ದು ಏನೂ ಇಲ್ಲ. ನವೆಂಬರ್ 1 ಕ್ರೈಸ್ತರಿಗೆ ಸಕಲ ಸಂತರ ದಿನ, 2 ತೀರಿಕೊಂಡವರನ್ನೆಲ್ಲ ನೆನೆಯುವ ದಿನ. ಅದಕ್ಕೂ ಹಿಂದೆ ಐರ್ಲೆಂಡಿನ ರೈತರು ಸುಗ್ಗಿ ಮುಗಿದು ಚಳಿ ಕಾಲಿಡುವ ಹೊತ್ತಿನಲ್ಲಿ, ಆ ರಾತ್ರಿ ಹೋದವರು ಬಂದು ಹೋಗುತ್ತಾರೆ ಅಂತ ನಂಬಿದ್ದರು. ದೀಪವನ್ನೂ ಅವರು ಇಡುತ್ತಿದ್ದುದು ಟರ್ನಿಪ್ ಗೆಡ್ಡೆ ಕೊರೆದು. ಅಮೆರಿಕಕ್ಕೆ ವಲಸೆ ಹೋದ ಮೇಲೆ ಅಲ್ಲಿ ಹೇರಳವಾಗಿ ಸಿಕ್ಕ ಕುಂಬಳಕಾಯಿಯನ್ನು ಕೊರೆದರು. ಇಂಗ್ಲೆಂಡಿನಲ್ಲಿ, ಸತ್ತವರಿಗಾಗಿ ಪ್ರಾರ್ಥಿಸುತ್ತೇವೆ ಎಂದು ಬಾಗಿಲಿಗೆ ಬಂದ ಬಡವರ, ಮಕ್ಕಳ ಕೈಗೆ ಸಣ್ಣ ಸಿಹಿರೊಟ್ಟಿ ಹಾಕುತ್ತಿದ್ದರು. ನಾವು ಪಿತೃಪಕ್ಷದಲ್ಲಿ ಹಿರಿಯರಿಗೆ ಎಡೆ ಇಡುವಾಗ ಏನು ಮಾಡುತ್ತೇವೆ? ತಾತನಿಗೆ ಇಷ್ಟವಾಗಿದ್ದ ಅಡುಗೆ, ಹೊಸ ಪಂಚೆ, ಎಲೆ ಅಡಿಕೆ, ಬೀಡಿ ಸೇದುತ್ತಿದ್ದರೆ ಬೀಡಿ. ಬಾಗಿಲು ಮುಂದೆ ಮಾಡಿ, ಅವರು ಬಂದು ಉಂಡು ಹೋಗಲಿ ಅಂತ ಹೊರಗೆ ಕೂರುತ್ತೇವೆ. ಹೋದವರಿಗೂ ಹಸಿವು ಇದೆ, ಅವರಿಗೂ ಒಂದು ಪಾಲು ಇಡಬೇಕು ಅನ್ನುವ ಮನಸ್ಸು ಎರಡೂ ಕಡೆ ಇದೆ. 2024ರಲ್ಲಂತೂ ನರಕ ಚತುರ್ದಶಿಯೂ ಅಕ್ಟೋಬರ್ 31ಕ್ಕೇ ಬಿದ್ದಿತ್ತು, ಹಾಸನದಲ್ಲಿ ಹಾಸನಾಂಬೆಯ ಬಾಗಿಲೂ ತೆರೆದಿತ್ತು. ಯಾವ ದೇವರೂ ಮುನಿಯಲಿಲ್ಲ.

ಹಾಗಾಗಿ ಆಕೆಗೆ ಹೇಳಿದೆ: ವೇಷ ಹಾಕಲಿ, ಕಿರುಚಲಿ, ಕತ್ತಲಲ್ಲಿ ಓಡಾಡಲಿ. ಆದರೆ ಮೊದಲ ದೆವ್ವವನ್ನು ತಿನ್ನುವ ಮುಂಚೆ ಅಜ್ಜಿ ಒಂದು ಕಥೆ ಹೇಳಬೇಕು. ಆ ಮನೆಯಲ್ಲಿ ಯಾರು ಯಾರು ಇದ್ದರು, ಆ ಒರಳು ಯಾರು ತಂದದ್ದು, ತಂಬಿಟ್ಟಿಗೆ ಯಾರ ಕೈ ಚೆನ್ನಾಗಿತ್ತು ಅಂತ. ಬೆಂಗಳೂರಿನ ಪಾರ್ಟಿಯಲ್ಲಿ ಆ ಕಥೆ ಹೇಳುವವರು ಇರುವುದಿಲ್ಲ. ಈ ಹಬ್ಬ ಊರಲ್ಲಿ ಆಗುವುದೇ ಲೇಸು ಅಂತ ನಾನು ಹೇಳುವುದು ಅದಕ್ಕೇ.

ಕೊನೆಗೆ ಎರಡು ಮಾತು, ಮಾಡುವವರಿಗೆ. ಹಸಿ ತಂಬಿಟ್ಟು ಮಾಡಿದ ದಿನವೇ ಮುಗಿಯಬೇಕು, ಮರುದಿನಕ್ಕೆ ಹುಳಿ ಬರುತ್ತದೆ. ತೀರ ಚಿಕ್ಕ ಮಕ್ಕಳಿಗೆ, ವಯಸ್ಸಾದವರಿಗೆ ಹಸಿ ಅಕ್ಕಿ ಕೊಡಬೇಡಿ, ಅವರ ಪಾಲಿಗೆ ಹುರಿಗಡಲೆ ಹಿಟ್ಟಿನಲ್ಲಿ ಕಟ್ಟಿ. ಕೊಬ್ಬರಿಯ ದೆವ್ವಗಳಿಗೂ ಹಾಲು ಬಿದ್ದಿದೆ, ಮಿಕ್ಕರೆ ಫ್ರಿಜ್ಜಿನಲ್ಲಿಡಿ. ಚಿಗಳಿ ಮಾತ್ರ ವಾರವಾದರೂ ಕೆಡುವುದಿಲ್ಲ. ಅದನ್ನು ಒಂದು ಹಿಡಿ ಹೆಚ್ಚಿಗೇ ಮಾಡಿ, ಡಬ್ಬಿಗೆ ತುಂಬಿ, ಊರು ಬಿಡುವ ಮಕ್ಕಳ ಚೀಲಕ್ಕೆ ಹಾಕಿ ಕಳಿಸಿ.