ಕಡ್ಡಿ ಚಿಕ್ಕಮ್ಮ

ಕಡ್ಡಿ ಆಡಿಸುವ ನೆಂಟರು ಎಲ್ಲರಿಗೂ ಇರುತ್ತಾರೆ. ಸಾಗರದ ನಮ್ಮ ಚಿಕ್ಕಮ್ಮ ಕಡ್ಡಿ ಊರುವವರು.

ಮದುವೆಯೋ, ಗೃಹಪ್ರವೇಶವೋ, ವೈಕುಂಠ ಸಮಾರಾಧನೆಯೋ, ಊಟದ ಎಲೆ ತೆಗೆಯುವಷ್ಟರಲ್ಲಿ ಅವರು ಆ ಮನೆಯ ಹಿತ್ತಲಲ್ಲಿ. ವ್ಯಾನಿಟಿ ಬ್ಯಾಗಿನಲ್ಲಿ ಒದ್ದೆ ಕರವಸ್ತ್ರ, ಪ್ಲಾಸ್ಟಿಕ್ ಕೊಟ್ಟೆ ಸದಾ ತಯಾರು. ಹೆಬ್ಬೆರಳ ಉಗುರೇ ಕತ್ತರಿ.

“ಕೇಳಬಾರದಾ ಚಿಕ್ಕಮ್ಮ?”

“ಕೇಳಿ ತಂದಿದ್ದು ಹತ್ತಲ್ಲ ಮಾರಾಯ. ಕದ್ದಿದ್ದೇ ಹತ್ತೋದು.”

ಆಗಸ್ಟ್‌ನಲ್ಲಿ ಲಾಲ್‌ಬಾಗಿನ ಫಲಪುಷ್ಪ ಪ್ರದರ್ಶನಕ್ಕೆ ಕರೆದೊಯ್ದಾಗ ಎರಡು ಗಂಟೆ ಅವರ ಕೈ ಬಿಡಲಿಲ್ಲ ನಾನು. ನೋಡಿದವರು ‘ಎಂಥ ಮಗ!’ ಎಂದುಕೊಂಡರು.

ಕದಿಯುವುದಕ್ಕೂ ಲೆಕ್ಕವಿದೆ. ಕಡ್ಡಿ ಪೆನ್ಸಿಲ್ ದಪ್ಪ, ಗೇಣುದ್ದ. ಎಳಸಾದರೆ ಕೊಳೆಯುತ್ತದೆ, ಬಲಿತು ಮರವಾಗಿದ್ದರೆ ಮುನಿಯುತ್ತದೆ. ಮನೆಗೆ ಬಂದಮೇಲೆ ಗೆಣ್ಣಿನ ಕೆಳಗೆ ಓರೆಯಾಗಿ ಕೊಯ್ದು, ಎಲೆ ಸವರಿ, ಎರಡು ಗೆಣ್ಣು ಮಣ್ಣೊಳಗೆ ಹೋಗುವಂತೆ ಊರಿ, ತುದಿ ಒಣಗದಂತೆ ಸಗಣಿಯ ಉಂಡೆ ಮೆತ್ತುತ್ತಾರೆ. ಮಳೆಗಾಲದಲ್ಲಿ ಅವರ ಜಗಲಿಯಂಚು ಸಗಣಿ ಟೋಪಿ ಹಾಕಿಕೊಂಡ ಕಡ್ಡಿಗಳ ಮೆರವಣಿಗೆ.

ವಾರದಲ್ಲೇ ಚಿಗುರು ಕಂಡು ನಾನು ಹಿಗ್ಗಿದರೆ ಗದರುತ್ತಾರೆ: “ಅದು ತವರಿಂದ ತಂದ ಗಂಟು ಕರಗಿಸ್ತಾ ಇರೋದು ಅಷ್ಟೆ. ಬೇರು ಬಿಟ್ಟಮೇಲೇ ಸ್ವಂತ ದುಡಿಮೆ.” ದಾಸವಾಳಕ್ಕೆ ಮೂರು ನಾಲ್ಕು ವಾರ ಬೇಕು. ನಿವೃತ್ತ ಚಿಕ್ಕಪ್ಪನಿಗೆ ಅಷ್ಟು ತಾಳ್ಮೆಯಿಲ್ಲ. ಬೇರು ಬಂತೇ ಎಂದು ದಿನಾ ಕಿತ್ತು ನೋಡಿ, ಮತ್ತೆ ಊರಿ, ಏಳು ಗುಲಾಬಿಗಳಿಗೆ ಮೋಕ್ಷ ಕೊಟ್ಟಿದ್ದಾರೆ.

ಗಿಡಗಳಿಗೆ ಚಿಕ್ಕಮ್ಮ ಇಟ್ಟ ಹೆಸರೇ ಬೇರೆ. ಮುದ್ದೆ ದಾಸವಾಳ ‘ಶಿರಸಿ ಮದುವೆ’. ನಂದಿಬಟ್ಟಲು ‘ಡಾಕ್ಟರ ಕಾಂಪೌಂಡು’. ಕಾಗದದ ಹೂವು ‘ಬಸ್ಸು ಕೆಟ್ಟು ನಿಂತಿತ್ತಲ್ಲ, ಅದು’.

ಕಳೆದ ಮಳೆಗಾಲದಲ್ಲಿ ಆ ಶಿರಸಿಯ ಮನೆಯಾಕೆಯೇ ಬಂದರು. ಜಡಿಮಳೆಗೆ ಅವರ ದಾಸವಾಳ ಬುಡ ಕೊಳೆತು ಸತ್ತಿತ್ತಂತೆ. ಅಂಗಳದಲ್ಲಿ ಅರಳಿದ್ದನ್ನು ನೋಡುತ್ತ, “ನಮ್ಮದೂ ಥೇಟ್ ಹೀಗೇ ಇತ್ತು. ಒಂದು ಕಡ್ಡಿ ಕೊಡ್ತೀರಾ?” ಎಂದರು. ನಾನು ಚಪ್ಪಲಿ ನೋಡಿಕೊಂಡೆ.

ಚಿಕ್ಕಮ್ಮನ ಮುಖದಲ್ಲಿ ಒಂದು ಗೆರೆ ಅಲುಗಲಿಲ್ಲ. “ಕೊಟ್ಟಿದ್ದು ಹತ್ತಲ್ಲ ಕಣ್ರೀ” ಎಂದು ಒದ್ದೆ ಕರವಸ್ತ್ರವನ್ನು ಜಗಲಿಯ ಮೇಲಿಟ್ಟರು. “ನಾನು ಒಳಗೆ ಕಾಫಿ ಮಾಡ್ತಿರ್ತೀನಿ.”